ಆರು ಗಂಟು ಗೊಂಬೆಗಳು

ಕ್ರೋಂಪೇಟೆ, ಚೆನ್ನೈ
18 ಅಕ್ಟೋಬರ್ 2023

ನನ್ನ ತಂಗಿ ಚಿಕ್ಕತಾಯಮ್ಮನಿಗೆ ನಿನ್ನ ಅಣ್ಣ ಹನುಮಂತಯ್ಯನ ಆಶೀರ್ವಾದ.

ನಿನ್ನ ಕಾಗದ ಬಂದು ನಾಲ್ಕು ತಿಂಗಳಾಯಿತು. ಮುನಿಸಿಕೊಂಡಿರುತ್ತೀಯ, ಗೊತ್ತು. ಫೋನಿನಲ್ಲಿ ಸಿಕ್ಕಾಗಲೆಲ್ಲ ‘ಬರೀತೀನಿ ಕಣವ್ವ, ಬರೀತೀನಿ’ ಎಂದದ್ದೇ ಆಯಿತು. ಅಕ್ಷರ ಕಲಿತ ಮೇಲೆ ನಿನಗೆ ಫೋನಿನ ಮಾತು ಮಾತೇ ಅಲ್ಲ. ಕಾಗದವಾದರೆ ಎರಡು ಸಲ ಓದಬಹುದು, ಬೇಕಾದರೆ ದಿಂಬಿನ ಕೆಳಗೆ ಇಟ್ಟುಕೊಳ್ಳಬಹುದು ಅನ್ನುತ್ತೀಯ. ತಪ್ಪು ನನ್ನದೇ. ಕಣ್ಣಿನ ಪೊರೆ ತೆಗೆಸಿಕೊಂಡ ಮೇಲೆ ಇಷ್ಟು ದಿನ ಕೆಲಸಕ್ಕೆ ಮಾತ್ರ ಕಣ್ಣು ಕೊಟ್ಟೆ, ನಿನಗೆ ಕೊಡಲಿಲ್ಲ.

‘ಒಬ್ಬನೇ ಹೇಗೆ ಇರ್ತೀಯಣ್ಣ, ದಿನವೆಲ್ಲ ಏನು ಮಾಡ್ತೀಯ’ ಎಂದು ಕೇಳಿದ್ದೆ. ಏನಿದೆ ಹೇಳುವುದಕ್ಕೆ? ಬೆಳಿಗ್ಗೆ ಐದಕ್ಕೆ ಏಳುತ್ತೇನೆ. ಬೀದಿಯ ನಲ್ಲಿಯಲ್ಲಿ ಎರಡು ಕೊಡ ನೀರು ಹಿಡಿಯುತ್ತೇನೆ. ಹಿಂದಿನ ದಿನದ ಅನ್ನಕ್ಕೆ ಮಜ್ಜಿಗೆ ಹಾಕಿಕೊಂಡು ಉಂಡು, ಕಿಟಕಿಯ ಕೆಳಗೆ ಮಣೆ ಹಾಕಿ ಕೂರುತ್ತೇನೆ. ಹದ ಮಾಡಿದ ಮೇಕೆ ತೊಗಲನ್ನು ಬೆಳಕಿಗೆ ಹಿಡಿದು ನೋಡುವುದು, ಗೆರೆ ಹಾಕುವುದು, ಉಳಿಯಿಂದ ತೂತು ಕೊರೆಯುವುದು. ಕಡಲ ರಸ್ತೆಯಲ್ಲಿರುವ ಕರಕುಶಲದ ಕೇಂದ್ರದವರು ನನ್ನನ್ನು ಊರಿನಿಂದ ಕರೆಸಿ ಹನ್ನೆರಡು ವರ್ಷವಾಯಿತಲ್ಲ, ಈಗ ಅವರಿಗೆ ತೊಗಲುಗೊಂಬೆ ಬೇಡ, ದೀಪಕ್ಕೆ ಹೊದಿಸುವ ಮುಸುಕು ಬೇಕು. ನವಿಲು ಬಿಡಿಸಿ, ಆನೆ ಬಿಡಿಸಿ ಅನ್ನುತ್ತಾರೆ. ಬಿಡಿಸಿಕೊಡುತ್ತೇನೆ. ಆಟ ಆಡಿಸಿ ಎಂದು ಯಾರೂ ಕರೆಯದೆ ಮೂರು ವರ್ಷವಾಯಿತು.

ತಾತನ ಕಾಲದ ಪೆಟ್ಟಿಗೆ ಮಾತ್ರ ಹಾಗೆಯೇ ಇದೆ. ನೂರ ಹನ್ನೆರಡು ಗೊಂಬೆ. ಅಮಾವಾಸ್ಯೆಯ ದಿನ ತೆಗೆದು ಒಂದೊಂದನ್ನೂ ಒರೆಸಿ, ಗಾಳಿಗೆ ಹರಡಿ, ಸುಮ್ಮನೆ ಇಡಲು ಮನಸ್ಸು ಬಾರದೆ ಅವುಗಳ ಮಾತು ಆಡುತ್ತೇನೆ. ಹತ್ತು ತಲೆಯವನ ಅಬ್ಬರ, ರಾಣಿಯ ಅಳು, ಹಾಸ್ಯದ ಮುದುಕಿಯ ಬೈಗುಳ, ಎಲ್ಲ. ನೀನು ಹಾಡುತ್ತಿದ್ದ ಜಾಗ ಬಂದಾಗ ನಿಲ್ಲಿಸಿ, ಅಷ್ಟು ಹೊತ್ತು ಬಿಟ್ಟು ಮುಂದಕ್ಕೆ ಹೋಗುತ್ತೇನೆ.

ಕೇಳುವವನೊಬ್ಬ ಇದ್ದಾನೆ. ಪಕ್ಕದ ಕೋಣೆಯ ಐತ. ಉಡುಪಿ ಕಡೆಯವನು, ನನಗಿಂತ ಎರಡು ವರ್ಷ ಚಿಕ್ಕವನು. ಹನ್ನೊಂದನೇ ವಯಸ್ಸಿಗೆ ಇಲ್ಲಿನ ಒಂದು ಹೋಟೆಲಿಗೆ ಲೋಟ ತೊಳೆಯಲು ಬಂದವನು ನಲವತ್ತು ವರ್ಷ ದೋಸೆ ಕಲ್ಲಿನ ಮುಂದೆ ನಿಂತ. ಮದುವೆಯಾಗಲಿಲ್ಲ. ನಿಂತು ನಿಂತು ಕಾಲಿನ ನರ ಹುರಿಯಂತೆ ಎದ್ದಿದೆ, ಮೇಲೆ ಸಕ್ಕರೆ ಕಾಯಿಲೆ. ಏಳು ವರ್ಷದಿಂದ ನಮ್ಮಿಬ್ಬರ ನಡುವೆ ಒಂದೇ ಒಂದು ಗೋಡೆ, ಅದೂ ಒಂದು ಇಟ್ಟಿಗೆಯ ದಪ್ಪ. ನಾನು ಗೊಂಬೆ ಮಾತಾಡಿಸುತ್ತಾ ಕೆಮ್ಮು ಬಂದು ನಿಲ್ಲಿಸಿದರೆ ಆ ಕಡೆಯಿಂದ ಕೇಳುತ್ತಾನೆ, ‘ಮತ್ತೆ? ಮತ್ತೆಂತ ಆಯ್ತು ಮಾರಾಯ?’ ದಿನಕ್ಕೊಂದು ದೋಸೆ ಹುಯ್ದು ತಟ್ಟೆಗೆ ತಟ್ಟೆ ಮುಚ್ಚಿ ತರುತ್ತಾನೆ. ನನ್ನ ಮಾತು ಅವನಿಗೆ ಒರಟು, ಅವನ ಮಾತು ನನಗೆ ರಾಗ. ಜಗಳವಾಡದ ದಿನವಿಲ್ಲ.

ಮೇಲಿನ ಮನೆಯಲ್ಲಿ ರಮೇಶ್ ಮತ್ತು ಕಲಾವತಿ. ಈ ಕಟ್ಟಡ ಅವರದೇ. ಆತ ರೈಲ್ವೆಯಲ್ಲಿ ಫಿಟ್ಟರ್. ಅವರ ಕನ್ನಡದಲ್ಲಿ ಅರ್ಧ ತಮಿಳು. ನನ್ನನ್ನು ‘ಪೆರಿಯವರೇ’ ಎನ್ನುತ್ತಾಳೆ ಆಕೆ, ಹಿರಿಯರೇ ಎಂದು.

ಈಗ ನಿಜ ಹೇಳುತ್ತೇನೆ. ನನಗೆ ಭಯವಾಗುತ್ತದೆ, ತಂಗಿ. ಇಲ್ಲಿ ಮಳೆಗಾಲ ಶುರುವಾಗುವುದು ಈಗ. ಎಂಟು ವರ್ಷದ ಹಿಂದೆ ಈ ಬೀದಿಗೆ ನೀರು ನುಗ್ಗಿತ್ತು. ಆಗ ನಾನು ಈ ಕೋಣೆಯಲ್ಲಿರಲಿಲ್ಲ. ಆದರೆ ನೀರು ನಿಂತ ಗೆರೆ ಗೋಡೆಯ ಮೇಲಿದೆ, ನನ್ನ ಎದೆಯ ಮಟ್ಟಕ್ಕೆ. ಎರಡು ಸಲ ಸುಣ್ಣ ಬಳಿದರೂ ಮತ್ತೆ ಮೂಡಿಕೊಳ್ಳುತ್ತದೆ. ಮಲಗಿದರೆ ಅದು ನನ್ನ ತಲೆಗಿಂತ ಮೇಲೆ. ಮೋಡ ಕಟ್ಟಿದರೆ ಉಳಿ ಕೈಯಲ್ಲಿ ನಿಲ್ಲುವುದಿಲ್ಲ. ನೀರಿಗೆ ಬಿದ್ದ ತೊಗಲು ಏನಾಗುತ್ತದೆಂದು ನಿನಗೆ ಹೇಳಬೇಕೇ? ಬಣ್ಣ ಹೋಗುತ್ತದೆ, ಮುಖ ಹೋಗುತ್ತದೆ, ಊದಿಕೊಂಡು ನಾರುವ ಚರ್ಮವಾಗುತ್ತದೆ. ನೂರು ವರ್ಷ ಒಂದು ಮಧ್ಯಾಹ್ನದಲ್ಲಿ ಮೇಕೆಯಾಗಿಬಿಡುತ್ತದೆ.

ಊರಿಗೆ ಬಾ ಎಂದಿದ್ದೀಯ. ಯೋಚಿಸುತ್ತೇನೆ. ಅಲ್ಲಿ ಗೋಡೆಯಾಚೆಯಿಂದ ‘ಮತ್ತೆಂತ ಆಯ್ತು’ ಎಂದು ಕೇಳುವವರು ಯಾರಿದ್ದಾರೆ?

ನಿನ್ನ ಮೊಮ್ಮಗಳು ಪ್ರಣಮ್ಯಾ ಚೆನ್ನಾಗಿ ಓದಲಿ. ಮಂಡಿಗೆ ಎಣ್ಣೆ ಹಚ್ಚುವುದನ್ನು ಬಿಡಬೇಡ.

ಇಂತಿ ನಿನ್ನ ಅಣ್ಣ
ಹನುಮಂತಯ್ಯ


ಕ್ರೋಂಪೇಟೆ, ಚೆನ್ನೈ
15 ಡಿಸೆಂಬರ್ 2023

ತಂಗಿ ಚಿಕ್ಕತಾಯಮ್ಮನಿಗೆ,

ನಾನು ಬದುಕಿದ್ದೇನೆ. ಇದನ್ನು ಮೊದಲು ಬರೆಯಬೇಕು. ನೀನು ಎಷ್ಟು ಸಲ ಫೋನು ಮಾಡಿದೆಯೋ, ಎಷ್ಟು ದೇವರಿಗೆ ಹರಕೆ ಹೊತ್ತೆಯೋ. ಫೋನು ನೀರಿನಲ್ಲಿ ಹೋಯಿತು. ತನ್ನ ಫೋನಿನಿಂದ ನಿನ್ನ ಜೊತೆ ಮಾತಾಡಿಸುತ್ತೇನೆಂದು ಕಲಾವತಿ ಹೇಳಿದರೂ ನಾನೇ ಬೇಡವೆಂದೆ. ನಿನ್ನ ದನಿ ಕೇಳಿದರೆ ಅತ್ತುಬಿಡುತ್ತೇನೆ ಅನ್ನಿಸಿತು. ತಡಮಾಡಿದ್ದಕ್ಕೆ ಬೈದುಕೋ.

ಭಾನುವಾರ ಶುರುವಾದ ಮಳೆ ಒಂದು ಗಳಿಗೆಯೂ ಬಿಡಲಿಲ್ಲ. ಸೋಮವಾರ ಬೆಳಗಾಗುವಷ್ಟರಲ್ಲಿ ಕರೆಂಟು ಹೋಗಿತ್ತು. ಹತ್ತು ಗಂಟೆಗೆ ಬಚ್ಚಲ ತೂಬಿನಿಂದ ಕಪ್ಪು ನೀರು ಗುಳುಗುಳು ಎಂದು ಮೇಲೆ ಬಂತು. ಹಳೆಯ ಪಂಚೆ ತುರುಕಿದೆ. ಅಷ್ಟರಲ್ಲಿ ಬಾಗಿಲ ಕೆಳಗಿನಿಂದ ಬಂತು. ಪೆಟ್ಟಿಗೆಯನ್ನು ಎಳೆದು ಮಂಚದ ಮೇಲಿಟ್ಟೆ, ಹೇಗೆ ಎತ್ತಿದೆನೋ ಗೊತ್ತಿಲ್ಲ. ಪಾದ, ಮೀನಖಂಡ, ಮಂಡಿ. ನೀರು ಓಡಿ ಬರುವುದಿಲ್ಲ ತಂಗಿ, ಸುಮ್ಮನೆ ಏರುತ್ತದೆ, ಸದ್ದಿಲ್ಲದೆ. ನನ್ನ ಚಪ್ಪಲಿ, ಬಣ್ಣದ ಚಿಪ್ಪುಗಳು, ಐತನ ತಟ್ಟೆ ಎಲ್ಲ ತೇಲಿಕೊಂಡು ನನ್ನ ಸುತ್ತ ತಿರುಗತೊಡಗಿದವು. ನಾನು ಗೋಡೆಯ ಗೆರೆ ನೋಡುತ್ತಾ ನಿಂತೆ. ಕೈಕಾಲು ಆಡಲಿಲ್ಲ.

ಮೇಲಿನಿಂದ ಕಲಾವತಿ ಕೂಗಿದಳು: ‘ಪೆರಿಯವರೇ! ಮೇಲೆ ಬಂದುಬಿಡಿ! ತಣ್ಣಿ ಇನ್ನೂ ಏರುತ್ತೆ, ಸೀಕ್ರಂ, ಬೇಗ ಬನ್ನಿ!’

ಆಗ ಎಚ್ಚರವಾಯಿತು. ಪೆಟ್ಟಿಗೆ ಒಬ್ಬನ ಕೈಯಲ್ಲಿ ಮೆಟ್ಟಿಲು ಹತ್ತುವುದಲ್ಲ. ಗೊಂಬೆಗಳನ್ನು ತೆಗೆದು ಪಂಚೆ, ಹೊದಿಕೆ, ಪ್ಲಾಸ್ಟಿಕ್ ಹಾಳೆ, ಸಿಕ್ಕಿದ್ದರಲ್ಲಿ ಗಂಟು ಕಟ್ಟಿದೆ. ಆರು ಗಂಟಾದವು. ತಲೆಯ ಮೇಲೆ ಹೊತ್ತು ಒಂದೊಂದನ್ನೇ ಸಾಗಿಸಿದೆ. ಹೊರಗೆ ಹೆಜ್ಜೆಯಿಟ್ಟರೆ ತೊಡೆಯ ಮಟ್ಟ ನೀರು, ಕೆಳಗೆ ಏನು ತುಳಿಯುತ್ತಿದ್ದೇನೆಂದು ಗೊತ್ತಿಲ್ಲ. ಒಂದು ಸಲ ಹೋಗಿ ಬರಲು ಹತ್ತು ನಿಮಿಷ ಹಿಡಿಯಿತೇನೋ. ಆರನೆಯದನ್ನು ಇಟ್ಟಾಗ ಎದೆ ಒಡೆದುಹೋಗುತ್ತದೆ ಅನ್ನಿಸಿತು.

ರಮೇಶ್ ಎದುರು ಮನೆಯ ಮುದುಕಿಯನ್ನು ಮೇಲಕ್ಕೆ ಸಾಗಿಸಿ ಆಗ ತಾನೇ ಬಂದಿದ್ದ. ‘ಐತ ಒಳಗಿದ್ದಾನೆ’ ಎಂದೆ. ಗಂಡ ಹೆಂಡತಿ ಇಬ್ಬರೂ ಬೆಚ್ಚಿಬಿದ್ದರು. ಭಾನುವಾರ ಹೋಟೆಲಿನ ಹಳೆಯ ಗೆಳೆಯನ ಮನೆಗೆ ಹೋಗುತ್ತೇನೆಂದಿದ್ದನಂತೆ. ಹೋಗಿದ್ದಾನೆಂದೇ ಅವರು ತಿಳಿದಿದ್ದರು. ರಮೇಶ್ ಕಬ್ಬಿಣದ ಸಲಾಕೆ ಹಿಡಿದು ಇಳಿದ. ಒಳಗೆ ಮರದ ಕಪಾಟು ಮಗುಚಿ ಬಾಗಿಲಿಗೆ ಅಡ್ಡ ಬಿದ್ದಿತ್ತು. ಬಾಗಿಲು ಒಡೆದು ನೋಡಿದರೆ ಐತ ಮಂಚದ ಮೇಲೆ ನಿಂತು ಕಿಟಕಿಯ ಸರಳು ಹಿಡಿದುಕೊಂಡಿದ್ದಾನೆ. ಮಂಚವೇ ಮುಳುಗಿ ನೀರು ಅವನ ಮಂಡಿಯ ಮೇಲಕ್ಕೆ ಬಂದಿತ್ತು. ಕಪಾಟಿನ ಗಾಜು ಒಡೆದು ಬಲಗಾಲು ಮಂಡಿಯ ಕೆಳಗೆ ಸೀಳಿತ್ತು. ಆ ಗಾಯದಲ್ಲೇ ಆ ಕೊಳಚೆಯಲ್ಲಿ ಒಂದು ಗಂಟೆ ನಿಂತಿದ್ದ.

ಎರಡು ದಿನ ಆಂಬುಲೆನ್ಸ್ ಬರುವಂತಿರಲಿಲ್ಲ. ಕಲಾವತಿಯ ಹಜಾರದಲ್ಲಿ ಅವನನ್ನು ಮಲಗಿಸಿದೆವು. ಜ್ವರ ಏರಿತು. ಕಾಲು ಊದಿ ಬಣ್ಣ ತಿರುಗಿತು. ಅದೇ ಹಜಾರದ ಇನ್ನೊಂದು ಮೂಲೆಯಲ್ಲಿ ನನ್ನ ಆರು ಗಂಟು. ಮೂರನೇ ದಿನ ದೋಣಿಯಲ್ಲಿ ಸಾಗಿಸಿ, ಅಲ್ಲಿಂದ ದೊಡ್ಡಾಸ್ಪತ್ರೆಗೆ ಸೇರಿಸಿದರು. ಡಾಕ್ಟರು ಕೈಲಾದದ್ದನ್ನೆಲ್ಲ ಮಾಡಿದರು. ಕಳೆದ ಶನಿವಾರ ಮಂಡಿಯ ಕೆಳಗೆ ಕಾಲು ತೆಗೆದರು.

ನಲವತ್ತು ವರ್ಷ ನಿಂತ ಕಾಲು, ತಂಗಿ.

ಬೀದಿಯವರೆಲ್ಲ ನನ್ನನ್ನು ಹೊಗಳುತ್ತಾರೆ. ‘ನೀವು ಹೇಳದೇ ಇದ್ದಿದ್ರೆ ಅವರು ಹೋಗೇಬಿಡ್ತಿದ್ರು ಪೆರಿಯವರೇ’ ಎಂದು ಕಲಾವತಿ ಬಂದವರಿಗೆಲ್ಲ ಹೇಳುತ್ತಾಳೆ. ಅವಳು ಬಾಯಿ ತೆರೆದಳೆಂದರೆ ಎದ್ದು ಹೊರಗೆ ಹೋಗುತ್ತೇನೆ.

ನೀರು ಇಳಿಯಿತು. ಕೋಣೆ ತೊಳೆದೆ. ಹೊಸ ಗೆರೆ ಹಳೆಯದಕ್ಕಿಂತ ನಾಲ್ಕು ಬೆರಳು ಕೆಳಗಿದೆ. ಆದರೆ ನಿನಗೆ ಹೇಳುತ್ತೇನೆ ಕೇಳು, ಈಗಿನ ಹೆದರಿಕೆ ನೀರಿನದಲ್ಲ. ಆಸ್ಪತ್ರೆಯದು. ಮೂರು ಸಲ ರೈಲು ಹತ್ತಿ ಹೋದೆ. ಮೂರು ಸಲವೂ ವಾರ್ಡಿನ ಬಾಗಿಲ ತನಕ ಹೋಗಿ, ಸಾಲಿನ ಕೊನೆಯಲ್ಲಿ ಅವನ ಬಿಳಿ ತಲೆ ಕಂಡದ್ದೇ, ಹಿಂದಕ್ಕೆ ಬಂದೆ. ಕೈಯಲ್ಲಿದ್ದ ಬಾಳೆಹಣ್ಣನ್ನು ಹೊರಗೆ ಕೂತಿದ್ದ ಯಾರಿಗೋ ಕೊಟ್ಟೆ. ಅವನು ನನ್ನನ್ನು ನೋಡಿ ಏನಾದರೂ ಕೇಳಿಬಿಟ್ಟರೆ ಎಂಬ ಭಯ. ಏನು ಕೇಳುತ್ತಾನೆ ಎಂದು ನೀನು ಕೇಳಬೇಡ.

ನಾಲ್ಕನೆಯ ಸಲ ಕಲಾವತಿ ಜೊತೆಗೆ ಬಂದಳು. ತಪ್ಪಿಸಿಕೊಳ್ಳಲಾಗಲಿಲ್ಲ. ಐತ ನನ್ನನ್ನು ನೋಡಿದ. ಮುಖ ಇಷ್ಟಾಗಿಬಿಟ್ಟಿದೆ.

‘ಬಂದಿಯಾ?’ ಎಂದ.

ತಂದ ಬಾಳೆಹಣ್ಣನ್ನು ಅವನ ದಿಂಬಿನ ಪಕ್ಕ ಇಟ್ಟೆ.

‘ಗೊಂಬೆ ಎಲ್ಲ ಎಂತ ಆಯ್ತು?’

‘ಅವ್ ಸಂದಾಗವೆ’ ಎಂದೆ.

‘ಒಳ್ಳೇದಾಯ್ತು’ ಎಂದು ಕಣ್ಣು ಮುಚ್ಚಿದ. ಅಷ್ಟೇ. ಅವನು ಇನ್ನೇನೂ ಕೇಳಲಿಲ್ಲ. ಕೇಳಿದ್ದರೆ ಎಷ್ಟೋ ಚೆನ್ನಾಗಿತ್ತು ಎಂದು ದಾರಿಯುದ್ದಕ್ಕೂ ಅನ್ನಿಸಿತು. ಮನೆಗೆ ಬಂದು ನೋಡಿದರೆ ಅಂಗಿ ಬೆನ್ನಿಗೆ ಅಂಟಿ ಹಿಂಡುವಷ್ಟು ಬೆವರು, ಈ ಡಿಸೆಂಬರಿನಲ್ಲಿ.

ಪೆಟ್ಟಿಗೆಗೆ ಗೊಂಬೆ ಜೋಡಿಸಬೇಕು. ಗಂಟು ಬಿಚ್ಚಲು ಕೈ ಬರುತ್ತಿಲ್ಲ.

ಹರಕೆ ಹೊತ್ತಿದ್ದರೆ ತೀರಿಸಿಬಿಡು, ನನಗೋಸ್ಕರ ಉಪವಾಸ ಮಾತ್ರ ಮಾಡಬೇಡ. ಮಕ್ಕಳಿಗೆಲ್ಲ ಒಳ್ಳೆಯದಾಗಲಿ.

ನಿನ್ನ ಅಣ್ಣ
ಹನುಮಂತಯ್ಯ


ಕ್ರೋಂಪೇಟೆ, ಚೆನ್ನೈ
24 ಜನವರಿ 2024

ತಂಗಿ,

ನಿನ್ನ ಎರಡು ಕಾಗದವೂ ಸೇರಿದವು. ಮೊದಲನೆಯದಕ್ಕೆ ಉತ್ತರ ಬರೆಯಲು ಕುಳಿತು ಹರಿದುಹಾಕಿದೆ. ಸಂಕ್ರಾಂತಿಗೆ ನೀನು ಕಳಿಸಿದ ಎಳ್ಳು ಬಂತು. ಕಲಾವತಿಗೂ ಕೊಟ್ಟೆ. ಅವಳ ಮನೆಯ ಪೊಂಗಲ್ ನನಗೆ ಬಂತು.

ಐತ ಊರಿಗೆ ಹೋದ. ಅದನ್ನೇ ಬರೆಯಬೇಕೆಂದು ಕುಳಿತಿದ್ದೇನೆ.

ಹತ್ತನೇ ತಾರೀಕು ಆಸ್ಪತ್ರೆಯಿಂದ ಬಿಟ್ಟರು. ಕೆಳಗಿನ ಕೋಣೆ ಇನ್ನೂ ಹಸಿಯಾಗಿತ್ತು, ಹಾಗಾಗಿ ಮೇಲೆ ಕಲಾವತಿಯ ಹಜಾರದಲ್ಲೇ ಇಟ್ಟುಕೊಂಡರು. ಅವನ ಅಕ್ಕನ ಮಗ ಪ್ರಮೋದ್ ಬಂದ. ಮಲ್ಪೆಯ ಹತ್ತಿರ ದೋಣಿ ರಿಪೇರಿಯ ಶೆಡ್ಡು ಇಟ್ಟಿದ್ದಾನೆ, ನಲವತ್ತರ ಗಂಡಸು, ಒಳ್ಳೆಯವನು. ‘ಮಾವ ಇನ್ನು ಇಲ್ಲಿ ಒಬ್ಬರೇ ಬೇಡ’ ಎಂದ. ಐತ ಒಪ್ಪಿದ. ಒಂದೇ ಒಂದು ಮಾತು ಹೇಳಿದ.

‘ಏಳು ವರ್ಷ ಗೋಡೆಯಿಂದ ಕೇಳಿದ್ದೇ ಆಯ್ತು. ಒಂದು ಸಲ ನೋಡಿ ಹೋಗ್ತೇನೆ. ಒಂದು ಆಟ ಆಡು ಮಾರಾಯ.’

ನನ್ನ ಜೀವವೇ ಹಾರಿಹೋಯಿತು. ಆಗುವುದಿಲ್ಲ, ಗಂಟಲು ಸರಿಯಿಲ್ಲ ಎಂದೆ. ‘ಗಂಟಲು ಸರಿ ಉಂಟು, ಬೆಳಿಗ್ಗೆ ಹಾಲಿನವನಿಗೆ ಬೈದದ್ದು ಕೇಳಿದೆ’ ಎಂದ. ಎಲ್ಲರೂ ನಕ್ಕರು. ಹೇಗೆ ಇಲ್ಲವೆನ್ನಲಿ?

ಆ ಸಂಜೆ ಐದು ಗಂಟೆಗೆ ರಮೇಶ್ ಕಿಟಕಿಗಳಿಗೆ ಕಂಬಳಿ ಹೊದಿಸಿ ಹಜಾರ ಕತ್ತಲೆ ಮಾಡಿದ. ಕಲಾವತಿ ಬಿಳಿ ಪಂಚೆ ಕೊಟ್ಟಳು, ಅದೇ ಪರದೆ. ಬಲ್ಬು ಕಟ್ಟಿದೆವು. ಒಂದೂವರೆ ತಿಂಗಳ ಮೇಲೆ ಮೊದಲ ಸಲ ಗಂಟುಗಳನ್ನು ಬಿಚ್ಚಿದೆ. ಬಣ್ಣ ಒಂದಿಷ್ಟೂ ಹೋಗಿರಲಿಲ್ಲ. ಬೆಳಕಿಗೆ ಹಿಡಿದರೆ ಮೊದಲಿನ ಹಾಗೆಯೇ ಕೆಂಪು ಕೆಂಪಾಗಿ ಉರಿದವು. ಅವುಗಳ ಚಂದ ನೋಡಿ ನನಗೆ ಹೇಸಿಗೆಯಾಯಿತು, ತಂಗಿ. ತಾತ ಕೊರೆದ ಗೊಂಬೆಗಳು. ಹೀಗೆ ಬರೆಯಬಾರದು. ಆದರೆ ಆದದ್ದು ಅದೇ.

ನಾನು ಐವತ್ತೈದು ವರ್ಷ ಪರದೆಯ ಹಿಂದೆ ಕೂತವನು. ಅಲ್ಲಿ ನನಗೆ ಯಾವತ್ತೂ ಭಯವಿರಲಿಲ್ಲ, ಅಲ್ಲಿ ನನ್ನನ್ನು ಯಾರೂ ನೋಡುವುದಿಲ್ಲವಲ್ಲ. ಆ ಸಂಜೆ ಪರದೆಯ ಆ ಕಡೆ ಕುರ್ಚಿಯಲ್ಲಿ ಕುಳಿತವನು ಬಟ್ಟೆಯನ್ನೂ ಗೊಂಬೆಯನ್ನೂ ದಾಟಿ ನನ್ನನ್ನೇ ನೋಡುತ್ತಿದ್ದಾನೆ ಅನ್ನಿಸುತ್ತಿತ್ತು. ಗೊಂಬೆಗಳು ನಡುಗಿದವು. ರಾಜ ನಡುಗಿದ, ಹತ್ತು ತಲೆಯವನೂ ಚಳಿ ಹಿಡಿದವನಂತೆ ನಡುಗಿದ. ಹಾಸ್ಯವೆಂದುಕೊಂಡು ಕಲಾವತಿ ನಕ್ಕಳು. ಮಾತು ನಡುವೆ ತಪ್ಪಿತು. ಮುಂದಿನ ಸಾಲು ಬರಲಿಲ್ಲ.

ಆಗ ಆ ಕಡೆಯಿಂದ ಐತನ ದನಿ ಬಂತು. ‘ಮತ್ತೆ? ಮತ್ತೆಂತ ಆಯ್ತು?’

ಆಟ ಮುಗಿಸಿದೆ. ಹೇಗೆ ಮುಗಿಸಿದೆನೋ.

ದೀಪ ಹಾಕಿದ ಮೇಲೆ ಅವನು ಊರುಗೋಲು ಹಿಡಿದು, ಪ್ರಮೋದ್‌ನ ಭುಜದ ಮೇಲೆ ಭಾರ ಹಾಕಿ ಪರದೆಯ ಹಿಂದಕ್ಕೆ ಬಂದ. ನೆಲದ ಮೇಲೆ ಸಾಲಾಗಿ ಮಲಗಿದ್ದ ಗೊಂಬೆಗಳನ್ನು ನೋಡುತ್ತಾ ನಿಂತ. ರಾಣಿಯ ಗೊಂಬೆಯನ್ನು ತೋರಿಸಿದ. ಎತ್ತಿ ಕೊಟ್ಟೆ. ಬೆಳಕಿಗೆ ಹಿಡಿದು, ಹಿಂದೆ ಮುಂದೆ ತಿರುಗಿಸಿ ನೋಡಿದ.

‘ಒಟ್ಟು ಎಷ್ಟು ಉಂಟು?’

‘ನೂರ ಹನ್ನೆರಡು.’

‘ಒಂದೂ ಒದ್ದೆಯಾಗ್ಲಿಲ್ಲ?’

‘ಇಲ್ಲ.’

ತಲೆಯಾಡಿಸಿದ. ಅವನ ಮುಖದಲ್ಲಿ ಸಿಟ್ಟು ಹುಡುಕಿದೆ. ಇರಲಿಲ್ಲ. ಇದ್ದರೂ ನನಗೆ ಕಾಣಲಿಲ್ಲ.

ಹದಿನೆಂಟನೇ ತಾರೀಕು ಮಧ್ಯಾಹ್ನದ ಮಂಗಳೂರು ರೈಲಿಗೆ ಹತ್ತಿಸಲು ಸೆಂಟ್ರಲ್ ಸ್ಟೇಷನ್ನಿಗೆ ನಾವೆಲ್ಲ ಹೋಗಿದ್ದೆವು. ಕಿಟಕಿಯ ಪಕ್ಕ ಕೂರಿಸಿದೆವು. ಅವನ ದೋಸೆ ಕಲ್ಲನ್ನು ನನಗೇ ಬಿಟ್ಟು ಹೋಗಿದ್ದಾನೆ. ಅದನ್ನು ಒಲೆಯ ಮೇಲಿಡಲು ನನ್ನಿಂದ ಇನ್ನೂ ಆಗಿಲ್ಲ.

ಈಗ ಪಕ್ಕದ ಕೋಣೆ ಖಾಲಿ. ರಮೇಶ್ ಗೋಡೆ ಒಣಗಲಿ ಎಂದು ಬಾಗಿಲು ತೆರೆದಿಟ್ಟಿದ್ದಾನೆ. ಹಗಲು ಹೊತ್ತಿನಲ್ಲೇ ಆ ಬಾಗಿಲ ಮುಂದೆ ಹಾದುಹೋಗಲು ನನಗೆ ಅಂಜಿಕೆ. ಹಿತ್ತಲಿನಿಂದ ಸುತ್ತಿ ಬರುತ್ತೇನೆ. ಕೆಲಸಕ್ಕೆ ಕುಳಿತರೆ ಐದು ನಿಮಿಷಕ್ಕೊಮ್ಮೆ ಉಳಿ ನಿಲ್ಲಿಸಿ ಕಿವಿಗೊಡುತ್ತೇನೆ. ಏನೂ ಇರುವುದಿಲ್ಲ. ಕೇಂದ್ರದವರು ದೀಪದ ಮುಸುಕುಗಳಿಗೆ ಎರಡು ಸಲ ಆಳು ಕಳಿಸಿದರು, ಜ್ವರವೆಂದು ಸುಳ್ಳು ಹೇಳಿದೆ.

ಪೆಟ್ಟಿಗೆಯನ್ನು ಊರಿಗೆ ಕಳಿಸಿಕೊಡುತ್ತೇನೆ. ನೀನು ಇಟ್ಟುಕೊ. ಪ್ರಣಮ್ಯಾ ಕೇಳಿದರೆ ತೋರಿಸು. ಅವು ನಿನ್ನವೂ ಹೌದು, ನಿನ್ನ ದನಿ ತಿಂದು ಬೆಳೆದವು. ಇನ್ನು ಅವುಗಳನ್ನು ಮಾತಾಡಿಸುವುದು ನನ್ನಿಂದಾಗದು. ಯಾಕೆಂದು ಕೇಳಿ ಮತ್ತೆ ಕಾಗದ ಬರೆಯುತ್ತೀಯ, ಗೊತ್ತು.

ನಿನ್ನ ಮನೆಯಲ್ಲಿ ಎಲ್ಲರೂ ಗಟ್ಟಿಯಾಗಿರಲಿ. ನಿನ್ನ ಮುಪ್ಪಿನಲ್ಲಿ ನಿನ್ನ ಕೂಗಿಗೆ ಓಡಿ ಬರುವವರು ಸದಾ ಇರಲಿ. ಇದಕ್ಕಿಂತ ದೊಡ್ಡ ಆಶೀರ್ವಾದ ನನಗೆ ಗೊತ್ತಿಲ್ಲ.

ನಿನ್ನ ಅಣ್ಣ
ಹನುಮಂತಯ್ಯ

ಮರೆತ ಮಾತು: ಮರೆತದ್ದಲ್ಲ. ಎರಡು ಕಾಗದದಿಂದ ಬರೆಯದೆ ಬಿಟ್ಟದ್ದು.

ಮೆಟ್ಟಿಲಿಗೆ ಹೋಗಬೇಕಾದರೆ ಐತನ ಕಿಟಕಿಯ ಮುಂದೆಯೇ ಹೋಗಬೇಕು. ನಾನು ಎರಡನೇ ಗಂಟು ತಲೆಯ ಮೇಲಿಟ್ಟುಕೊಳ್ಳುವಾಗ ಅವನು ಕೂಗಿದ. ‘ಹನುಮಂತಣ್ಣಾ, ಕಪಾಟು ಬಿದ್ದಿದೆ, ಬಾಗಿಲು ತೆಗೀಲಿಕ್ಕೆ ಆಗ್ತಾ ಇಲ್ಲ’ ಎಂದ. ಎರಡು ಸಲ ಹೇಳಿದ. ಸ್ಪಷ್ಟವಾಗಿ ಕೇಳಿಸಿತು. ‘ಬಂದೆ ಕಣೋ’ ಎಂದೆ. ಆ ಗಂಟನ್ನು ಒಯ್ದೆ. ಆಮೇಲೆ ಮೂರನೆಯದನ್ನು ಒಯ್ದೆ. ನಾಲ್ಕು, ಐದು, ಆರು. ಮೇಲೆ ಕಲಾವತಿ ನಿಂತಿದ್ದಳು, ಅವಳಿಗೆ ಒಂದು ಮಾತು ಹೇಳಿದ್ದರೆ ಸಾಕಿತ್ತು. ಹೇಳಿದರೆ ನನ್ನನ್ನೂ ಅವನ ಬಾಗಿಲಿಗೆ ಎಳೆಯುತ್ತಾರೆ, ಉಳಿದ ಗಂಟು ನೀರಿನಲ್ಲಿ ಹೋಗುತ್ತದೆ ಎಂದು ಹೇಳಲಿಲ್ಲ. ಪ್ರತಿ ಸಲವೂ ಅವನ ಕಿಟಕಿ ಬಂದಾಗ ಮುಖ ಬೇರೆ ಕಡೆ ತಿರುಗಿಸಿಕೊಂಡೆ. ಅವನು ಮತ್ತೆ ಕೂಗಲಿಲ್ಲ. ಕೂಗದೇ ಇದ್ದದ್ದರಿಂದ ನನಗೆ ಸಮಾಧಾನವಾಯಿತು, ತಂಗಿ. ಅವನಿಗೆ ಅಷ್ಟೇನೂ ಆಗಿರಲಿಕ್ಕಿಲ್ಲ ಅಂದುಕೊಂಡೆ.

ರೈಲು ಹೊರಡುವ ಮುಂಚೆ ಪ್ರಮೋದ್ ಅವನನ್ನು ಕೇಳಿದ, ‘ಅಷ್ಟು ಹೊತ್ತು ನೀರಲ್ಲಿ ನಿಂತು ನೀವು ಬೊಬ್ಬೆ ಹಾಕ್ಲಿಲ್ವಾ ಮಾವ?’ ನಾನು ಕಿಟಕಿಯ ಹೊರಗೆ ಸರಳು ಹಿಡಿದು ನಿಂತಿದ್ದೆ. ಐತ ನನ್ನ ಕೈಯ ಮೇಲೆ ಕೈಯಿಟ್ಟ.

‘ಹಾಕಿದೆ, ಮೊದಲಿಗೆ. ಬಂದೆ ಅಂತ ಇವ ಹೇಳಿದ. ಮತ್ತೆ ಯಾಕೆ ಕೂಗುದು? ಪಾಪ, ಇವನಿಗೂ ಗಾಬರಿ ಇರ್ತದೆ, ಅವಸರ ಮಾಡುದು ಬೇಡ ಅಂತ ಸುಮ್ಮನೆ ನಿಂತೆ’ ಎಂದ.

ಊರಿಗೆ ಬಾ ಎಂದು ಪ್ರತಿ ಕಾಗದದಲ್ಲೂ ಕರೆಯುತ್ತೀಯ. ಇದನ್ನು ಎರಡು ಸಲ ಓದು. ಆಮೇಲೂ ಕರೆಯಬೇಕು ಅನ್ನಿಸಿದರೆ ಕರೆ.